ಓವನ್‌ನಲ್ಲಿ ಬೇಯಿಸುವ ಚೀಸ್ ಗ್ರಿಟ್ಸ್: ಯಾವ ರವೆ, ಯಾವ ಚೀಸ್, ಮೊಟ್ಟೆ ಬೇಕಾ ಬೇಡ್ವಾ?

ಅಮೆರಿಕದ ದಕ್ಷಿಣ ರಾಜ್ಯಗಳಾದ ಜಾರ್ಜಿಯಾ, ಕೆರೊಲಿನಾ, ಅಲಬಾಮಾ ಕಡೆಯ ಯಾವುದೇ ದಿನಸಿ ಅಂಗಡಿಗೆ ಹೋಗಿ, ಗ್ರಿಟ್ಸ್ ಅಂತ ಬರೆದ ಪೊಟ್ಟಣಗಳೇ ನಾಲ್ಕೈದು ಥರ ಇರುತ್ತವೆ. ಸ್ಟೋನ್ ಗ್ರೌಂಡ್, ಓಲ್ಡ್ ಫ್ಯಾಶನ್ಡ್, ಕ್ವಿಕ್, ಇನ್‌ಸ್ಟಂಟ್. ಪಕ್ಕದಲ್ಲೇ ಪೊಲೆಂಟಾ, ಅಂದರೆ ಇಟಲಿಯ ಮೆಕ್ಕೆಜೋಳದ ರವೆ. ಅಲ್ಲಿಂದ ಚೀಸ್ ಇರುವ ಕಡೆ ಹೋದರೆ ತಲೆ ಇನ್ನೂ ಕೆಡುತ್ತದೆ. ಈ ಕಡೆಗೆ ಹೊಸದಾಗಿ ಬಂದ ನಮ್ಮವರು ಆಫೀಸಿನ ಪಾಟ್‌ಲಕ್‌ನಲ್ಲೋ (ಒಬ್ಬೊಬ್ಬರು ಒಂದೊಂದು ತಿನಿಸು ತರುವ ಊಟ), ಪಕ್ಕದ ಮನೆಯ ಈಸ್ಟರ್ ಊಟದಲ್ಲೋ ಚೀಸ್ ಗ್ರಿಟ್ಸ್ ಕ್ಯಾಸರೋಲ್ ತಿಂದು, ಮನೆಯಲ್ಲಿ ಮಾಡೋಣ ಅಂತ ಹೊರಟು, ಇಲ್ಲೇ ಸಿಕ್ಕಿಹಾಕಿಕೊಳ್ಳುತ್ತಾರೆ. ಯಾವುದನ್ನು ಆರಿಸಿದರೆ ಏನಾಗುತ್ತದೆ ಅಂತ ಒಂದೊಂದಾಗಿ ಹೇಳುತ್ತೇನೆ.

ಗ್ರಿಟ್ಸ್ ಅಂದರೆ ಒಣಗಿದ ಮೆಕ್ಕೆಜೋಳವನ್ನು ಒಡೆದು ಮಾಡಿದ ರವೆ, ಅಷ್ಟೇ. ಮಸ್ಕೋಗಿ ಮತ್ತಿತರ ಮೂಲನಿವಾಸಿಗಳಿಂದ ಬಂದ ಅಡುಗೆ ಇದು. ಆಮೇಲೆ ಗುಲಾಮಗಿರಿಯಲ್ಲಿದ್ದ ಆಫ್ರಿಕಾ ಮೂಲದ ಅಡುಗೆಯವರ ಕೈಯಲ್ಲಿ ಬೆಳೆದು ಇಡೀ ದಕ್ಷಿಣದ ಬೆಳಗಿನ ತಿಂಡಿಯಾಯಿತು. ಜಾರ್ಜಿಯಾ ರಾಜ್ಯ 2002ರಲ್ಲಿ ಇದನ್ನು ತನ್ನ ಅಧಿಕೃತ ತಿನಿಸು ಅಂತಲೇ ಘೋಷಿಸಿತು. ಕ್ಯಾಸರೋಲ್‌ನಲ್ಲಿ ಈ ರವೆಯನ್ನು ಮೊದಲು ಒಲೆಯ ಮೇಲೆ ಬೇಯಿಸಿ, ಬೆಣ್ಣೆ, ಚೀಸ್, ಹಾಲು, ಮೊಟ್ಟೆ ಕಲಸಿ, ಓವನ್‌ನಲ್ಲಿ ಮೇಲೆ ಕೆಂಪಗಾಗುವವರೆಗೆ ಇಡುತ್ತಾರೆ.

ಅಳತೆ ಮೊದಲೇ ಕೊಟ್ಟುಬಿಡುತ್ತೇನೆ, ಮುಂದೆ ಹೇಳುವುದೆಲ್ಲ ಇದರ ಮೇಲೇ ನಿಂತಿದೆ. ಒಂದು ಕಪ್ ಕ್ವಿಕ್ ಗ್ರಿಟ್ಸ್, ನಾಲ್ಕು ಕಪ್ ನೀರು, ಮುಕ್ಕಾಲು ಟೀ ಚಮಚ ಉಪ್ಪು, ಅರ್ಧ ಸ್ಟಿಕ್ ಬೆಣ್ಣೆ (ಸುಮಾರು 55 ಗ್ರಾಂ), 225 ಗ್ರಾಂ ಚೆಡ್ಡಾರ್ (ತುರಿದರೆ ಎರಡು ಕಪ್ ಆಗುತ್ತದೆ), ಅರ್ಧ ಕಪ್ ಹಾಲು, ಎರಡು ಮೊಟ್ಟೆ, ಜಜ್ಜಿದ ಒಂದೆರಡು ಎಸಳು ಬೆಳ್ಳುಳ್ಳಿ. 8 ಇಂಚಿನ ಚೌಕ ಪಾತ್ರೆಯಲ್ಲಿ, 350 ಡಿಗ್ರಿ ಫ್ಯಾರನ್‌ಹೀಟ್‌ನಲ್ಲಿ, 45 ನಿಮಿಷ. ಸೆಲ್ಸಿಯಸ್ ಓವನ್ ಆದರೆ 175ರಿಂದ 180. ಆರು ಜನಕ್ಕೆ ಧಾರಾಳವಾಗಿ ಆಗುತ್ತದೆ. 9 ಇಂಟು 13 ಇಂಚಿನ ದೊಡ್ಡ ಪಾತ್ರೆಗೆ ಎಲ್ಲವನ್ನೂ ಎರಡು ಪಟ್ಟು ಮಾಡಿ.

ಒಲೆಯ ಮೇಲಿನದ್ದೋ, ಓವನ್‌ನದ್ದೋ

ಮೊದಲು ಇದನ್ನು ತೀರ್ಮಾನಿಸಿ. ಎಷ್ಟೋ ಸಲ ಕ್ಯಾಸರೋಲ್ ಮಾಡುವ ಅಗತ್ಯವೇ ಇರುವುದಿಲ್ಲ. ಮನೆಯಲ್ಲಿ ಇಬ್ಬರು ಮೂವರು ಇದ್ದೀರಿ, ಬಿಸಿಬಿಸಿ ಬಡಿಸಿ ತಕ್ಷಣ ತಿನ್ನುತ್ತೀರಿ ಅಂದರೆ ಒಲೆಯ ಮೇಲೆ ಗ್ರಿಟ್ಸ್ ಬೇಯಿಸಿ ಚೀಸ್ ಕಲಸಿದರೆ ಸಾಕು. ಸೀಗಡಿ ಜೊತೆ ಗ್ರಿಟ್ಸ್ ತಿನ್ನುವವರು ಹಾಗೇ ಮಾಡುವುದು. ನಾರ್ತ್ ಕೆರೊಲಿನಾದ ಚಾಪೆಲ್ ಹಿಲ್‌ನಲ್ಲಿ ಬಿಲ್ ನೀಲ್ ನಡೆಸುತ್ತಿದ್ದ ಕ್ರೂಕ್ಸ್ ಕಾರ್ನರ್ ಹೋಟೆಲಿನ ಸೀಗಡಿ ಗ್ರಿಟ್ಸ್ ಬಗ್ಗೆ 1985ರಲ್ಲಿ ಅಡುಗೆ ಬರಹಗಾರ ಕ್ರೇಗ್ ಕ್ಲೇಬೋರ್ನ್ ನ್ಯೂಯಾರ್ಕ್ ಟೈಮ್ಸ್‌ನಲ್ಲಿ ಬರೆದ ಮೇಲೆ ಅದು ದೇಶಕ್ಕೆಲ್ಲ ಗೊತ್ತಾಯಿತು. ಅಲ್ಲಿ ಸೀಗಡಿಯ ಕೆಳಗೆ ಇದ್ದದ್ದು ಕೂಡ ಚೀಸ್ ಗ್ರಿಟ್ಸೇ.

ಆದರೆ ಒಲೆಯ ಮೇಲಿನ ಗ್ರಿಟ್ಸ್ ಕಾಯುವುದಿಲ್ಲ. ಹತ್ತು ನಿಮಿಷ ಬಿಟ್ಟರೆ ಮೇಲೆ ಕೆನೆಗಟ್ಟುತ್ತದೆ, ಇಪ್ಪತ್ತು ನಿಮಿಷಕ್ಕೆ ಗಟ್ಟಿಯಾಗಿ ಸೌಟಿಗೆ ಅಂಟುತ್ತದೆ. ಕ್ಯಾಸರೋಲ್‌ಗೆ ಆ ತಾಪತ್ರಯ ಇಲ್ಲ. ಗಟ್ಟಿಯಾಗುವುದೇ ಅದರ ಕೆಲಸ. ಕಾರಿನಲ್ಲಿ ತೆಗೆದುಕೊಂಡು ಹೋಗಬಹುದು, ಒಂದು ಗಂಟೆ ಮೇಜಿನ ಮೇಲೆ ಇಡಬಹುದು, ಹದಿನೈದು ಜನ ಬೇರೆ ಬೇರೆ ಹೊತ್ತಿಗೆ ಬಂದು ಬಡಿಸಿಕೊಂಡರೂ ಹದ ಕೆಡುವುದಿಲ್ಲ. ಕ್ರಿಸ್‌ಮಸ್ ಬೆಳಗ್ಗೆ, ಈಸ್ಟರ್ ಬ್ರಂಚ್‌ಗೆ, ಸಾವಾದ ಮನೆಗೆ ಊಟ ಒಯ್ಯುವಾಗ, ಎಲ್ಲಕ್ಕೂ ಇಲ್ಲಿನವರು ಕ್ಯಾಸರೋಲನ್ನೇ ಆರಿಸುವುದು ಈ ಕಾರಣಕ್ಕೆ. ಕನ್ನಡ ಕೂಟದ ಪಾಟ್‌ಲಕ್‌ಗೂ ಅಷ್ಟೇ ಅನುಕೂಲ.

ಯಾವ ಗ್ರಿಟ್ಸ್

ಇಲ್ಲಿ ನನ್ನ ಅಭಿಪ್ರಾಯ ಸ್ವಲ್ಪ ಗಟ್ಟಿಯಾಗಿಯೇ ಇದೆ. ಬಟ್ಟಲಲ್ಲಿ ಬೆಣ್ಣೆ ಹಾಕಿಕೊಂಡು ತಿನ್ನುವುದಕ್ಕೆ ಸ್ಟೋನ್ ಗ್ರೌಂಡ್ ಬಿಟ್ಟರೆ ಇಲ್ಲ. ಆದರೆ ಕಾಲು ಕೆಜಿ ಚೀಸ್ ಹಾಕುವ ಕ್ಯಾಸರೋಲ್‌ಗೆ ಕ್ವಿಕ್ ಗ್ರಿಟ್ಸೇ ಸರಿ, ಅದರಲ್ಲಿ ನಾಚಿಕೆ ಪಡುವಂಥದ್ದು ಏನೂ ಇಲ್ಲ.

ಯಾಕೆ ಅಂತ ಹೇಳುತ್ತೇನೆ. ಸ್ಟೋನ್ ಗ್ರೌಂಡ್ ಅಂದರೆ ಬೀಸುವ ಕಲ್ಲಿನಲ್ಲಿ ಒಡೆದದ್ದು. ಕಾಳಿನ ಮೊಳಕೆಯ ಭಾಗ, ಅಂದರೆ ಎಣ್ಣೆಯಂಶ ಇರುವ ಭಾಗ, ಅದರಲ್ಲೇ ಉಳಿದಿರುತ್ತದೆ. ರುಚಿ, ಘಮ ಎರಡೂ ಬರುವುದು ಅಲ್ಲಿಂದಲೇ. ಅದೇ ಎಣ್ಣೆಯಿಂದ ಬೇಗ ಕಮಟು ವಾಸನೆಯೂ ಬರುತ್ತದೆ, ಅದಕ್ಕೇ ಫ್ರಿಜ್‌ನಲ್ಲೋ ಫ್ರೀಜರ್‌ನಲ್ಲೋ ಇಡಬೇಕು. ಉತ್ತರ ಜಾರ್ಜಿಯಾದಲ್ಲಿ ಚಾಟಹೂಚೀ ನದಿಯ ದಂಡೆಯಲ್ಲಿ 1876ರ ನೋರಾ ಮಿಲ್ ಇದೆ, ಹೆಲೆನ್ ಊರಿಗೆ ಸುತ್ತಾಡಲು ಹೋಗುವವರು ಅಲ್ಲಿಂದ ಚೀಲ ತರುತ್ತಾರೆ. ಸೌತ್ ಕೆರೊಲಿನಾದ ಆನ್ಸನ್ ಮಿಲ್ಸ್ ಹಳೆಯ ತಳಿಯ ಮೆಕ್ಕೆಜೋಳ ಬೆಳೆಸಿ ಒಡೆಸುತ್ತದೆ, ಬೆಲೆ ಜಾಸ್ತಿ. ಇಂಥ ರವೆ ಬೇಯಲು 45 ನಿಮಿಷದಿಂದ ಒಂದು ಗಂಟೆ ಬೇಕು. ಸಣ್ಣ ಉರಿಯಲ್ಲಿ, ಆಗಾಗ ಕೈಯಾಡಿಸುತ್ತಾ. ನೀರು ಒಂದಕ್ಕೆ ನಾಲ್ಕು ಅಂತ ಶುರು ಮಾಡಿದರೂ ಐದರವರೆಗೆ ಕುಡಿಯುತ್ತದೆ. ಇಷ್ಟು ಕಷ್ಟಪಟ್ಟು ಬೇಯಿಸಿ, ಮೇಲೆ ಎರಡು ಕಪ್ ಖಡಕ್ ಚೆಡ್ಡಾರ್ ಸುರಿದರೆ ಆ ಜೋಳದ ರುಚಿ ಎಲ್ಲಿ ಉಳಿಯುತ್ತದೆ? ಒಳ್ಳೆಯ ಸ್ಟೋನ್ ಗ್ರೌಂಡ್ ಮನೆಯಲ್ಲಿದೆ, ಅದರಲ್ಲೇ ಕ್ಯಾಸರೋಲ್ ಮಾಡಬೇಕು ಅನ್ನುವುದಾದರೆ ಚೀಸ್ ಅರ್ಧಕ್ಕೆ ಇಳಿಸಿ, ಬೆಳ್ಳುಳ್ಳಿ ಬಿಡಿ. ಆಗ ಅದು ಬೇರೆಯೇ ತಿನಿಸು, ಬಹಳ ಒಳ್ಳೆಯ ತಿನಿಸು.

ಸ್ಟೋನ್ ಗ್ರೌಂಡ್‌ಗೆ ಸಮಯ ಉಳಿಸಬೇಕಾದರೆ ರಾತ್ರಿಯೇ ನೆನೆಹಾಕಿ. ಬೆಳಗ್ಗೆ ಹೊಟ್ಟು ಮೇಲೆ ತೇಲುತ್ತದೆ, ಸೌಟಿನಲ್ಲಿ ತೆಗೆದುಬಿಡಿ, ಅದೇ ನೀರಿನಲ್ಲಿ ಬೇಯಿಸಿ. ಇನ್‌ಸ್ಟಂಟ್ ಪಾಟ್ (ಕರೆಂಟಿನ ಪ್ರೆಶರ್ ಕುಕ್ಕರ್) ಇದ್ದರೆ ಒಳಗೆ ಇನ್ನೊಂದು ಪಾತ್ರೆ ಇಟ್ಟು ಬೇಯಿಸಿ, ಇಲ್ಲದಿದ್ದರೆ ತಳ ಹಿಡಿಯುತ್ತದೆ. ಮುಚ್ಚಳ ತೆಗೆದಾಗ ನೀರು ಮೇಲೆ, ರವೆ ಕೆಳಗೆ ಕೂತಿರುತ್ತದೆ. ಗಾಬರಿ ಬೇಡ, ವಿಸ್ಕ್‌ನಲ್ಲಿ, ಅಂದರೆ ತಂತಿಯ ಕಡೆಗೋಲಿನಲ್ಲಿ, ಚೆನ್ನಾಗಿ ಕಲಸಿದರೆ ಒಂದಾಗುತ್ತದೆ.

ಕ್ವಿಕ್ ಮತ್ತು ಓಲ್ಡ್ ಫ್ಯಾಶನ್ಡ್ ಎರಡರಲ್ಲೂ ಮೊಳಕೆಯ ಭಾಗ ತೆಗೆದಿರುತ್ತಾರೆ. ವ್ಯತ್ಯಾಸ ಕಾಳಿನ ಗಾತ್ರದಲ್ಲಿ ಮಾತ್ರ. ಕ್ವಿಕ್ ಸಣ್ಣ, ಐದಾರು ನಿಮಿಷಕ್ಕೆ ಬೇಯುತ್ತದೆ. ಓಲ್ಡ್ ಫ್ಯಾಶನ್ಡ್ ಸ್ವಲ್ಪ ದಪ್ಪ, ಹದಿನೈದರಿಂದ ಇಪ್ಪತ್ತು ನಿಮಿಷ. ಬಾಯಲ್ಲಿ ತರಿ ತರಿಯಾಗಿ ಸಿಗಬೇಕು ಅನ್ನುವವರಿಗೆ ಓಲ್ಡ್ ಫ್ಯಾಶನ್ಡ್ ಒಳ್ಳೆಯದು. ಎರಡೂ ಓವನ್‌ನಲ್ಲಿ ಪ್ರತಿ ಸಲ ಒಂದೇ ಥರ ಗಟ್ಟಿಯಾಗುತ್ತವೆ, ಜನಕ್ಕೆ ಬಡಿಸುವಾಗ ಬೇಕಾದ್ದು ಆ ಭರವಸೆಯೇ.

ಇನ್‌ಸ್ಟಂಟ್ ಬೇಡ. ಅದು ಮೊದಲೇ ಬೇಯಿಸಿ ಒಣಗಿಸಿದ್ದು, ಮತ್ತೆ ಓವನ್‌ನಲ್ಲಿಟ್ಟರೆ ಅಂಟು ಮುದ್ದೆಯಾಗುತ್ತದೆ.

ಪೊಲೆಂಟಾ ಆಗುತ್ತದಾ? ದಪ್ಪ ರವೆಯ ಪೊಲೆಂಟಾ ಆಗುತ್ತದೆ, ತೊಂದರೆ ಇಲ್ಲ. ಇಟಲಿಯ ಹಳೆಯ ಪೊಲೆಂಟಾ ಗಟ್ಟಿ ಕಾಳಿನ ಫ್ಲಿಂಟ್ ಜೋಳದ್ದು, ಗ್ರಿಟ್ಸ್ ಮೆತ್ತಗಿನ ಡೆಂಟ್ ಜೋಳದ್ದು. ಹಾಗಾಗಿ ಪೊಲೆಂಟಾ ಸ್ವಲ್ಪ ತರಿಯಾಗಿ, ಗ್ರಿಟ್ಸ್ ಸ್ವಲ್ಪ ನುಣುಪಾಗಿ ಬರುತ್ತದೆ. ಬಿಳಿಯದ್ದೋ ಹಳದಿಯದ್ದೋ ಅನ್ನುವುದು ನಿಮ್ಮ ಇಷ್ಟ. ಹಳದಿಯಲ್ಲಿ ಜೋಳದ ರುಚಿ ಚೂರು ಮುಂದೆ ಬರುತ್ತದೆ, ಚೀಸ್ ಜೊತೆ ಬಣ್ಣವೂ ಚೆನ್ನ.

ಊರಲ್ಲಿ ಇರುವವರಿಗೆ ಒಂದು ಮಾತು. ದಾವಣಗೆರೆ, ಹಾವೇರಿ ಕಡೆ ಮೆಕ್ಕೆಜೋಳ ರಾಶಿ ರಾಶಿ ಬೆಳೆಯುತ್ತಾರೆ, ಮೆಕ್ಕೆಜೋಳದ ರವೆಯೂ ಸಿಗುತ್ತದೆ. ದಪ್ಪ ರವೆ ತೆಗೆದುಕೊಳ್ಳಿ, ನೀರು ಅರ್ಧ ಕಪ್ ಜಾಸ್ತಿ ಇಟ್ಟು, ಮೆತ್ತಗಾಗುವವರೆಗೆ ಬೇಯಿಸಿ. ಸಮಯ ನೋಡಬೇಡಿ, ಬಾಯಿಗೆ ಹಾಕಿ ನೋಡಿ. ಮೆಕ್ಕೆಜೋಳದ ಹಿಟ್ಟು ಮಾತ್ರ ಬೇಡ, ಅಂಬಲಿಯಾಗುತ್ತದೆ.

ತೊಳೆಯುವುದು, ಹುರಿಯುವುದು

ನಮ್ಮ ಕೈಗೆ ಎರಡು ಅಭ್ಯಾಸ ಇದೆ. ಧಾನ್ಯ ಅಂದರೆ ತೊಳೆಯುವುದು, ರವೆ ಅಂದರೆ ಹುರಿಯುವುದು. ಇಲ್ಲಿ ಎರಡನ್ನೂ ಬಿಡಬೇಕು.

ಕ್ವಿಕ್ ಗ್ರಿಟ್ಸ್ ಪೊಟ್ಟಣದ ಮೇಲೆ ಎನ್ರಿಚ್ಡ್ ಅಂತ ಇರುತ್ತದೆ. ಮೊಳಕೆಯ ಜೊತೆ ಹೋದ ಕಬ್ಬಿಣ, ನಯಾಸಿನ್ ಮತ್ತಿತರ ಬಿ ವಿಟಮಿನ್‌ಗಳನ್ನು ಮತ್ತೆ ಸೇರಿಸಿರುತ್ತಾರೆ. ಇದಕ್ಕೆ ದೊಡ್ಡ ಹಿನ್ನೆಲೆಯೇ ಇದೆ. 20ನೇ ಶತಮಾನದ ಮೊದಲ ದಶಕಗಳಲ್ಲಿ ಮೆಕ್ಕೆಜೋಳವನ್ನೇ ನೆಚ್ಚಿಕೊಂಡಿದ್ದ ದಕ್ಷಿಣದ ಬಡವರಲ್ಲಿ ಪೆಲಾಗ್ರ ಅನ್ನುವ ಕಾಯಿಲೆ ಹರಡಿತ್ತು. ಅದು ಸೋಂಕಲ್ಲ, ಊಟದ ಕೊರತೆ ಅಂತ ತೋರಿಸಿದವರು ಡಾಕ್ಟರ್ ಜೋಸೆಫ್ ಗೋಲ್ಡ್‌ಬರ್ಗರ್. ಆ ಕೊರತೆ ನಯಾಸಿನ್‌ದು ಅಂತ ಆಮೇಲೆ ಗೊತ್ತಾಯಿತು. ಗ್ರಿಟ್ಸ್‌ಗೆ ಮತ್ತೆ ಸೇರಿಸಿದ ಆ ವಿಟಮಿನ್ ಪುಡಿ ಕಾಳಿನ ಹೊರಗೆ ಅಂಟಿರುತ್ತದೆ. ತೊಳೆದರೆ ನೀರಿನ ಜೊತೆ ಹೋಯಿತು.

ಹುರಿಯುವ ವಿಷಯ. ಉಪ್ಪಿಟ್ಟಿಗೆ ರವೆ ಹುರಿಯುವುದು ಉದುರುದುರಾಗಿ ಬರಲಿ ಅಂತ. ಕ್ಯಾಸರೋಲ್‌ಗೆ ಬೇಕಾದ್ದು ಅದರ ಉಲ್ಟಾ: ಕಾಳಿನಿಂದ ಗಂಜಿ ಬಿಟ್ಟು, ಎಲ್ಲ ಒಂದಕ್ಕೊಂದು ಹಿಡಿದುಕೊಳ್ಳಬೇಕು. ಹಸಿ ರವೆಯನ್ನೇ ಕುದಿಯುವ ಉಪ್ಪುನೀರಿಗೆ ಸಣ್ಣಗೆ ಸುರಿಯುತ್ತಾ, ವಿಸ್ಕ್‌ನಲ್ಲಿ ತಿರುವುತ್ತಾ ಹೋಗಿ. ಒಮ್ಮೆಗೇ ಸುರಿದರೆ ಗಂಟು ಕಟ್ಟುತ್ತದೆ, ಆ ಗಂಟು ಓವನ್‌ನಲ್ಲೂ ಒಡೆಯುವುದಿಲ್ಲ.

ನೀರೋ ಹಾಲೋ ಅಂತ ಕೇಳಿದರೆ, ಬೇಯಿಸುವುದು ನೀರಿನಲ್ಲಿ, ಹಾಲು ಕೊನೆಯಲ್ಲಿ. ಮೊದಲಿನಿಂದ ಹಾಲಿನಲ್ಲೇ ಬೇಯಿಸಿದರೆ ಉಕ್ಕುತ್ತದೆ, ತಳ ಹಿಡಿಯುತ್ತದೆ, ಚೀಸ್ ಬೇರೆ ಇರುವಾಗ ಅಷ್ಟು ಹಾಲು ಬೇಕಾಗಿಯೂ ಇಲ್ಲ. ಕೋಳಿಯ ಸ್ಟಾಕ್‌ನಲ್ಲಿ, ಅಂದರೆ ಕೋಳಿ ಬೇಯಿಸಿದ ನೀರಿನಲ್ಲಿ, ಬೇಯಿಸುವ ರೂಢಿ ಇಲ್ಲಿ ಬಹಳ ಇದೆ. ಸಸ್ಯಾಹಾರಿಗಳು ಹೊರಗೆ ತಿನ್ನುವಾಗ ಇದೊಂದನ್ನು ಕೇಳಿಯೇ ತಿನ್ನಿ, ನೋಡಿದರೆ ಏನೂ ಗೊತ್ತಾಗುವುದಿಲ್ಲ. ವೂಸ್ಟರ್ ಸಾಸ್ ಹಾಕುವವರೂ ಇದ್ದಾರೆ, ಸಾಮಾನ್ಯವಾಗಿ ಅದರಲ್ಲಿ ಆಂಚೊವಿ ಮೀನು ಇರುತ್ತದೆ.

ಯಾವ ಚೀಸ್

ಶಾರ್ಪ್ ಚೆಡ್ಡಾರ್, ಅಂದರೆ ಹೆಚ್ಚು ದಿನ ಇಟ್ಟು ರುಚಿ ಖಡಕ್ ಮಾಡಿದ್ದು. ಬೇರೆ ಏನೂ ಯೋಚಿಸಲು ಪುರುಸೊತ್ತಿಲ್ಲದಿದ್ದರೆ ಅದನ್ನೇ ತನ್ನಿ, ಗಟ್ಟಿ ಇಟ್ಟಿಗೆಯನ್ನು ತಂದು ಮನೆಯಲ್ಲೇ ತುರಿಯಿರಿ. ತುರಿದು ಪ್ಯಾಕ್ ಮಾಡಿದ್ದರಲ್ಲಿ ಒಂದಕ್ಕೊಂದು ಅಂಟದಿರಲಿ ಅಂತ ಆಲೂಗಡ್ಡೆ ಪಿಷ್ಟವೋ ಸೆಲ್ಯುಲೋಸೋ ಸವರಿರುತ್ತಾರೆ, ಅದು ನುಣ್ಣಗೆ ಕರಗುವುದಿಲ್ಲ. ಮೇಲೆ ಉದುರಿಸಲು ಬೇಕಾದರೆ ಪ್ಯಾಕೆಟ್‌ನದ್ದು ಬಳಸಿ, ಒಳಗೆ ಕಲಸಲು ಬೇಡ.

ಮೈಲ್ಡ್ ಚೆಡ್ಡಾರ್‌ಗೆ ಗ್ರಿಟ್ಸ್ ಎದುರು ನಿಲ್ಲುವ ಶಕ್ತಿ ಇಲ್ಲ. ಗ್ರಿಟ್ಸ್ ತುಂಬಾ ಸಪ್ಪೆ ಪದಾರ್ಥ, ಮೈಲ್ಡ್ ಹಾಕಿದರೆ ಬಣ್ಣ ಬರುತ್ತದೆ, ರುಚಿ ಬರುವುದಿಲ್ಲ. ಹಾಗಂತ ಎಕ್ಸ್‌ಟ್ರಾ ಶಾರ್ಪ್ ಮಾತ್ರ ಹಾಕಿದರೂ ಒಂದು ತೊಂದರೆ: ಚೀಸ್ ಹಳೆಯದಾದಷ್ಟೂ ಕರಗುವಾಗ ಎಣ್ಣೆ ಬಿಡುವುದು ಜಾಸ್ತಿ, ತರಿಯೂ ಆಗಬಹುದು. ನನಗೆ ಹಿಡಿಸಿದ ಲೆಕ್ಕ ಮುಕ್ಕಾಲು ಭಾಗ ಶಾರ್ಪ್ ಅಥವಾ ಎಕ್ಸ್‌ಟ್ರಾ ಶಾರ್ಪ್, ಕಾಲು ಭಾಗ ಮಾಂಟೆರಿ ಜ್ಯಾಕ್. ಜ್ಯಾಕ್ ಚೆನ್ನಾಗಿ ಕರಗಿ ಎಲ್ಲವನ್ನೂ ಒಟ್ಟಿಗೆ ಹಿಡಿದುಕೊಳ್ಳುತ್ತದೆ. ಖಾರ ಬೇಕಾದರೆ ಪೆಪ್ಪರ್ ಜ್ಯಾಕ್. ನಮ್ಮ ಬಾಯಿಗೆ ಅದೇ ಸರಿ ಅಂತ ಅನ್ನಿಸಿದರೂ ಸಣ್ಣಗೆ ಹೆಚ್ಚಿದ ಹಾಲಪೀನ್ಯೊ ಮೆಣಸಿನಕಾಯಿ ಎರಡು ಹಾಕಿದರೆ ಇನ್ನೂ ಚೆನ್ನಾಗಿರುತ್ತದೆ, ಖಾರದ ಜೊತೆ ಹಸಿ ಮೆಣಸಿನ ಘಮವೂ ಇರುತ್ತದಲ್ವಾ.

ಹಳೆಯ ಕಾಲದ ಪಾಕವಿಧಾನಗಳಲ್ಲಿ ಬೆಳ್ಳುಳ್ಳಿ ಚೀಸ್ ರೋಲ್ ಅಂತ ಇರುತ್ತದೆ. ಕ್ರಾಫ್ಟ್ ಕಂಪನಿ ಮಾಡುತ್ತಿದ್ದ, ಸಣ್ಣ ಕೊಳವೆಯಾಕಾರದ ಪ್ರೋಸೆಸ್ಡ್ ಚೀಸ್ ಅದು. ದಕ್ಷಿಣದ ಎಷ್ಟೋ ಮನೆಗಳ ಗ್ರಿಟ್ಸ್ ಕ್ಯಾಸರೋಲ್ ಅದರ ಮೇಲೇ ನಿಂತಿತ್ತು. ಈಗ ಅದು ಬರುವುದಿಲ್ಲ. ಆ ರುಚಿ ಬೇಕು ಅನ್ನುವವರು ವೆಲ್ವೀಟಾ ಅನ್ನುವ ಪ್ರೋಸೆಸ್ಡ್ ಚೀಸ್ ಮತ್ತು ಬೆಳ್ಳುಳ್ಳಿ ಹಾಕುತ್ತಾರೆ. ಪ್ರೋಸೆಸ್ಡ್ ಚೀಸ್‌ನಲ್ಲಿ ಕೊಬ್ಬು ಬೇರೆಯಾಗದಂತೆ ತಡೆಯುವ ಲವಣಗಳಿರುತ್ತವೆ, ಆದ್ದರಿಂದ ಬಹಳ ನುಣ್ಣಗೆ ಬರುತ್ತದೆ. ರುಚಿ ಕಡಿಮೆ, ಉಪ್ಪು ಜಾಸ್ತಿ. ಪೂರ್ತಿ ಅದೇ ಹಾಕುವುದು ನನಗೆ ಒಪ್ಪಿಗೆ ಇಲ್ಲ, ಚೆಡ್ಡಾರ್ ಜೊತೆ ಒಂದು ಹಿಡಿ ಸೇರಿಸಿದರೆ ಉಪಯೋಗಕ್ಕೆ ಬರುತ್ತದೆ. ಊರಲ್ಲಿ ಮಾಡುವವರು ಅಮೂಲ್ ಪ್ರೋಸೆಸ್ಡ್ ಚೀಸ್ ಹಾಕುವುದಾದರೆ ಇದೇ ಮಾತು ಅನ್ವಯಿಸುತ್ತದೆ. ನೀರಿಗೆ ಉಪ್ಪು ಅರ್ಧ ಮಾಡಿ, ಅರ್ಧ ಭಾಗವಾದರೂ ಚೆಡ್ಡಾರ್ ಹುಡುಕಿ ತನ್ನಿ.

ಸಸ್ಯಾಹಾರಿಗಳು ಚೀಸ್ ಪೊಟ್ಟಣದ ಹಿಂದೆ ರೆನೆಟ್, ಅಂದರೆ ಹಾಲು ಒಡೆಸಲು ಹಾಕುವ ಪದಾರ್ಥ, ಯಾವುದು ಅಂತ ನೋಡಿ. ಮೈಕ್ರೋಬಿಯಲ್ ಅಥವಾ ವೆಜಿಟೇರಿಯನ್ ಅಂತ ಇದ್ದರೆ ಸರಿ. ಸುಮ್ನೆ ಎನ್‌ಜೈಮ್ಸ್ ಅಂತ ಮಾತ್ರ ಇದ್ದರೆ ಹೇಳಲು ಬರುವುದಿಲ್ಲ. ಮೇಲೆ ಉದುರಿಸಲು ಪಾರ್ಮಿಜಾನೊ ರೆಜ್ಜಾನೊ ಬಳಸುವವರಿದ್ದಾರೆ, ಅದನ್ನು ಯಾವಾಗಲೂ ಕರುವಿನ ರೆನೆಟ್‌ನಿಂದಲೇ ಮಾಡುವುದು. ಭಾರತದಲ್ಲಿ ಹಸಿರು ಚುಕ್ಕೆ ನೋಡಿದರೆ ಸಾಕು.

ಮೊಟ್ಟೆ ಹಾಕುವುದಾ, ಬಿಡುವುದಾ

ಎರಡು ಮೊಟ್ಟೆ ಹಾಕಿದರೆ ಚಮಚದಲ್ಲಿ ತೆಗೆಯುವ ಹದ. ಮೂರು ಹಾಕಿದರೆ ಚೌಕವಾಗಿ ಕತ್ತರಿಸಬಹುದು. ಬಿಳಿಯ ಭಾಗವನ್ನು ಬೇರೆ ನೊರೆ ಬರುವಂತೆ ಕಡೆದು ಕೊನೆಗೆ ಹಗುರಾಗಿ ಸೇರಿಸಿದರೆ ಸೂಫ್ಲೆಯ ಹಾಗೆ ಉಬ್ಬುತ್ತದೆ, ಆದರೆ ಹೊರಗೆ ತೆಗೆದ ಕೆಲವೇ ನಿಮಿಷಕ್ಕೆ ಇಳಿಯುತ್ತದೆ. ಮನೆಯಲ್ಲಿ ಎಲ್ಲರೂ ತಟ್ಟೆ ಇಟ್ಟುಕೊಂಡು ಕೂತಿದ್ದರೆ ಮಾತ್ರ ಅದನ್ನು ಮಾಡಿ, ಪಾಟ್‌ಲಕ್‌ಗೆ ಬೇಡ.

ಬಿಸಿ ಗ್ರಿಟ್ಸ್‌ಗೆ ನೇರವಾಗಿ ಮೊಟ್ಟೆ ಒಡೆದು ಹಾಕಬೇಡಿ, ಎಳೆ ಎಳೆಯಾಗಿ ಬೆಂದುಬಿಡುತ್ತದೆ. ಬೆಣ್ಣೆ, ಚೀಸ್, ಹಾಲು ಕಲಸಿ ಹತ್ತು ನಿಮಿಷ ಆರಲು ಬಿಡಿ. ಬೇರೆ ಬಟ್ಟಲಲ್ಲಿ ಕಡೆದ ಮೊಟ್ಟೆಗೆ ಒಂದು ಸೌಟು ಗ್ರಿಟ್ಸ್ ಹಾಕಿ ಕಲಸಿ, ಆಮೇಲೆ ಅದನ್ನು ಪಾತ್ರೆಗೆ ಸುರಿಯಿರಿ.

ಮೊಟ್ಟೆ ತಿನ್ನದ ಮನೆಗಳು ನಮ್ಮಲ್ಲಿ ಬಹಳ. ಅವರು ಈ ತಿನಿಸನ್ನು ಬಿಡಬೇಕಾಗಿಲ್ಲ. ಗ್ರಿಟ್ಸ್‌ನ ಗಂಜಿಗೆ ತಾನೇ ಗಟ್ಟಿಯಾಗುವ ಗುಣ ಇದೆ, ಅದನ್ನು ನಂಬಿ ಮಾಡಿದರೆ ಆಯಿತು. ನೀರು ನಾಲ್ಕರ ಬದಲು ಮೂರೂವರೆ ಕಪ್. ಹಾಲು ಕಾಲು ಕಪ್, ಅದರಲ್ಲಿ ಒಂದು ದೊಡ್ಡ ಚಮಚ ಕಾರ್ನ್‌ಫ್ಲೋರ್ ಕದಡಿ, ಗ್ರಿಟ್ಸ್ ಇನ್ನೂ ಒಲೆಯ ಮೇಲಿರುವಾಗಲೇ ಹಾಕಿ ಎರಡು ನಿಮಿಷ ಬೇಯಿಸಿ. ಎರಡು ದೊಡ್ಡ ಚಮಚ ಕ್ರೀಮ್ ಚೀಸ್ ಸೇರಿಸಿದರೆ ಮೊಟ್ಟೆಯಿಂದ ಬರುವ ಮೃದುತನ ಬಹುಮಟ್ಟಿಗೆ ಬರುತ್ತದೆ. ಒಳಗೆ ಬೇಯಬೇಕಾದ್ದು ಏನೂ ಇಲ್ಲವಾದ್ದರಿಂದ ಓವನ್‌ನಲ್ಲಿ 25ರಿಂದ 30 ನಿಮಿಷ ಸಾಕು, ಮೇಲೆ ಕೆಂಪಗಾದರೆ ಮುಗಿಯಿತು. ಆಮೇಲೆ ಇಪ್ಪತ್ತು ನಿಮಿಷ ಮುಟ್ಟಬೇಡಿ. ಮೊಟ್ಟೆ ಹಾಕಿದ್ದು ಬಿಸಿಯಲ್ಲೇ ಗಟ್ಟಿಯಾಗುತ್ತದೆ, ಮೊಟ್ಟೆ ಇಲ್ಲದ್ದು ಆರುವಾಗ ಗಟ್ಟಿಯಾಗುತ್ತದೆ. ಇದು ಗೊತ್ತಿಲ್ಲದೆ, ನೀರು ನೀರಾಗಿದೆ ಅಂತ ಮತ್ತೆ ಮತ್ತೆ ಓವನ್‌ಗೆ ಹಾಕಿ ಒಣಗಿಸುವವರೇ ಜಾಸ್ತಿ.

ಪಾತ್ರೆ, ಓವನ್

ಬೀಡಿನ ಬಾಣಲೆಯಲ್ಲಿ, ಅಂದರೆ ಕಾಸ್ಟ್ ಐರನ್ ಸ್ಕಿಲೆಟ್‌ನಲ್ಲಿ, ಅಂಚು ಕೆಂಪಗೆ ಗರಿಯಾಗುತ್ತದೆ. ಆ ಅಂಚಿಗೇ ಮನೆಯಲ್ಲಿ ಜಗಳ ನಡೆಯುತ್ತದೆ. ಗಾಜಿನ ಪಾತ್ರೆಯಲ್ಲಿ ಸಮನಾಗಿ ಬೇಯುತ್ತದೆ, ಬಿಸಿ ಹೆಚ್ಚು ಹೊತ್ತು ಇರುತ್ತದೆ. ಫ್ರಿಜ್‌ನಿಂದ ತೆಗೆದ ಗಾಜನ್ನು ನೇರವಾಗಿ ಬಿಸಿ ಓವನ್‌ಗೆ ಇಡಬೇಡಿ, ಸೀಳಬಹುದು. ಪಾಟ್‌ಲಕ್‌ಗೆ ಬಳಸಿ ಬಿಸಾಡುವ ಅಲ್ಯೂಮಿನಿಯಂ ಟ್ರೇ ಅನುಕೂಲ, ಆದರೆ ಎತ್ತುವಾಗ ಮಡಚಿಕೊಳ್ಳುತ್ತದೆ, ಕೆಳಗೆ ಒಂದು ಗಟ್ಟಿ ಬೇಕಿಂಗ್ ಶೀಟ್ ಇರಲಿ.

ಓಟಿಜಿಯಲ್ಲಿ (ಮೇಜಿನ ಮೇಲಿಡುವ ಸಣ್ಣ ಓವನ್) ಮಾಡುವವರು ಮಧ್ಯದ ಅರೆಯಲ್ಲಿಟ್ಟು ಮೊದಲ ಅರ್ಧ ಗಂಟೆ ಮೇಲೆ ಫಾಯಿಲ್ ಮುಚ್ಚಿ, ಕೊನೆಯಲ್ಲಿ ತೆಗೆಯಿರಿ. ಮೇಲಿನ ರಾಡ್ ಹತ್ತಿರ ಇರುವುದರಿಂದ ಒಳಗೆ ಬೇಯುವ ಮೊದಲೇ ಮೇಲೆ ಕಪ್ಪಾಗುತ್ತದೆ. ಬೆಂದಿದೆಯಾ ಅಂತ ನೋಡಲು ಪಾತ್ರೆ ಅಲುಗಿಸಿ: ಅಂಚು ಕೂತಿರಬೇಕು, ನಡುವೆ ಚೂರು ನಡುಗಬೇಕು. ಥರ್ಮಾಮೀಟರ್ ಇದ್ದರೆ ನಡುವೆ 160 ಡಿಗ್ರಿ ಫ್ಯಾರನ್‌ಹೀಟ್, ಅಂದರೆ 71 ಸೆಲ್ಸಿಯಸ್.

ಮೇಲೆ ಏನು ಹಾಕುವುದು ಅನ್ನುವುದರ ಬಗ್ಗೆ ಹೆಚ್ಚು ತಲೆ ಕೆಡಿಸಿಕೊಳ್ಳಬೇಡಿ. ಒಂದು ಹಿಡಿ ಚೀಸ್, ಸ್ವಲ್ಪ ಪ್ಯಾಪ್ರಿಕಾ ಸಾಕು. ಬೆಣ್ಣೆಯಲ್ಲಿ ಕಲಸಿದ ಕಾರ್ನ್‌ಫ್ಲೇಕ್ಸ್ ಪುಡಿ ಮಕ್ಕಳಿಗೆ ಇಷ್ಟವಾಗುತ್ತದೆ.

ಹಿಂದಿನ ದಿನವೇ ಮಾಡಿಡುವುದಾದರೆ ಮೊಟ್ಟೆ ಹಾಕಿದ್ದನ್ನೇ ಆರಿಸಿ. ಎಲ್ಲ ಕಲಸಿ ಪಾತ್ರೆಗೆ ಸುರಿದು ತಣ್ಣಗಾಗಿಸಿ, ಮುಚ್ಚಿ, ಫ್ರಿಜ್‌ನಲ್ಲಿಡಿ. ಬೆಳಗ್ಗೆ ಅರ್ಧ ಗಂಟೆ ಹೊರಗಿಟ್ಟು ಬೇಯಿಸಿ, ಹತ್ತು ಹದಿನೈದು ನಿಮಿಷ ಜಾಸ್ತಿ ಹಿಡಿಯುತ್ತದೆ. ಮೊಟ್ಟೆ ಇಲ್ಲದ್ದು ರಾತ್ರಿಯಿಡೀ ಫ್ರಿಜ್‌ನಲ್ಲಿ ಇದ್ದರೆ ಒಣಗಿದಂತಾಗುತ್ತದೆ, ಅದನ್ನು ಬೆಳಗ್ಗೆಯೇ ಮಾಡುವುದು ವಾಸಿ.

ಉಳಿದದ್ದನ್ನು ಎರಡು ಗಂಟೆಯ ಒಳಗೆ ಫ್ರಿಜ್‌ಗೆ ಹಾಕಿ, ಮೂರು ನಾಲ್ಕು ದಿನ ಚೆನ್ನಾಗಿರುತ್ತದೆ. ಮೈಕ್ರೋವೇವ್‌ನಲ್ಲಿ ಬಿಸಿ ಮಾಡುವುದಕ್ಕಿಂತ, ತಣ್ಣಗಿರುವಾಗಲೇ ಬೆರಳಿನಷ್ಟು ದಪ್ಪಕ್ಕೆ ಕತ್ತರಿಸಿ, ಮೇಲೆ ಸ್ವಲ್ಪ ಹಿಟ್ಟು ಉದುರಿಸಿ, ದೋಸೆ ಕಾವಲಿಯ ಮೇಲೆ ಬೆಣ್ಣೆಯಲ್ಲಿ ಎರಡೂ ಕಡೆ ಕೆಂಪಗೆ ಕಾಯಿಸಿ. ಬೇಗ ತಿರುವಿದರೆ ಒಡೆಯುತ್ತದೆ, ತಾನಾಗೇ ತಳ ಬಿಡುವವರೆಗೆ ಕಾಯಿರಿ.